ಐನ್ ಖಾಲಿದ್‌ನ ಗೋಡೆಯ ಮೇಲೆ ಜಪಾನಿನ ಸೊಸೆ

ಶುಕ್ರವಾರ. ಬೆಳಗಿನ ನಮಾಝ್ ಮುಗಿಸಿ, ಕೊಲ್ಲಿನಾಡಿನ ಬಡಾವಣೆ ಐನ್ ಖಾಲಿದ್‌ನ ಗಂಡಸರು ಇನ್ನೊಂದು ಸುತ್ತು ನಿದ್ದೆಗೆ ಬಿದ್ದಿದ್ದಾರೆ. ಮನೆಯಲ್ಲೇ ಬಟ್ಟೆ ಹೊಲಿಯುವ ಶಹನಾಝ್ ಹೊಲಿಗೆ ಮಿಷಿನ್‌ಗಳನ್ನು ಬದಿಗೆ ಸರಿಸಿ, ಗೋಡೆಗೆ ಬಿಳಿ ಲೈನಿಂಗ್ ಬಟ್ಟೆ ಕಟ್ಟುತ್ತಿದ್ದಾರೆ. ಅಬಾಯ ಗಿಡ್ಡ ಮಾಡಿಸಲು, ಬ್ಲೌಸ್ ಸಡಿಲ ಮಾಡಿಸಲು ಬರುವ ಹೆಂಗಸರೇ ಇನ್ನು ಸ್ವಲ್ಪ ಹೊತ್ತಿಗೆ ಇಲ್ಲಿ ಪ್ರೇಕ್ಷಕರು.

ತೋರಿಸುವುದು ಹಳೆಯ ಜಪಾನಿ ಮೂಕಿಚಿತ್ರ. ಚಿತ್ರ, ಪ್ರೊಜೆಕ್ಟರ್ ಎರಡೂ ಪಕ್ಕದ ವಿಲ್ಲಾದ ರತ್ನಪ್ರಭಾ ಕೊಟ್ಟದ್ದು. ಮೂಕಿಯೇ ಯಾಕೆಂದರೆ, ಅಕ್ಕಪಕ್ಕದ ಮನೆಗಳ ಗಂಡಸರ ನಿದ್ದೆ ಕೆಡಬಾರದಲ್ಲ! ಕೆಳಗೆ ಬರುವ ಇಂಗ್ಲಿಷ್ ಸಾಲುಗಳನ್ನು ಶಹನಾಝ್ ಕನ್ನಡ ಮಾಡಿ, ಪಾತ್ರಕ್ಕೊಂದು ದನಿಯಲ್ಲಿ ಮೆಲ್ಲಗೆ ಹೇಳುತ್ತಾರೆ. ಪುತ್ತೂರಿನಲ್ಲಿ ಪಿಯುಸಿ ಓದಿದವರು. ಗಂಡ ತೀರಿಕೊಂಡ ಮೇಲೆ ಇದೇ ಮಿಷಿನ್ ತುಳಿದು ಮಗಳು ಶಮ್ನಾಳನ್ನು ಉಳ್ಳಾಲಕ್ಕೆ ಮದುವೆ ಮಾಡಿಕೊಟ್ಟರು.

ಆ ಶಮ್ನಾ ಈಗ ಇಲ್ಲೇ ಇದ್ದಾಳೆ. ರಜೆಗೆ ಬಂದಿದ್ದಾಳೆಂದು ಊರಿಗೆಲ್ಲ ಹೇಳಿದ್ದಾರೆ. ಅದೇನು ರಜೆಯೋ, ಮುಗಿಯುವ ಲಕ್ಷಣವೇ ಇಲ್ಲ. ಗಿರಾಕಿಗಳು ಬಂದಾಗ ಅವಳು ಒಳಕೋಣೆಯಲ್ಲಿ ಬಾಗಿಲು ಹಾಕಿಕೊಂಡು ಇಸ್ತ್ರಿ ಮಾಡುತ್ತಾಳೆ. ಗಂಡನನ್ನು ಬಿಟ್ಟು ಬಂದವಳೆಂದು ತಿಳಿದರೆ ಜನ ಆಡಿಕೊಳ್ಳುತ್ತಾರೆಂಬ ಭಯ ತಾಯಿಗೆ. ಪತ್ರಿಕೆಗೆ ಬರೆಯಲು ಬಂದ ನನಗೂ ಇದನ್ನು ಬರೆಯಬೇಡಿ ಎಂದು ಹೇಳಿದ್ದರು.

ಚಿತ್ರದಲ್ಲೂ ಗಂಡನ ಮನೆ ಬಿಟ್ಟ ಹುಡುಗಿ ತವರಿಗೆ ಬರುತ್ತಾಳೆ. ಅತಿಥಿಗಳ ಸುಳಿವು ಸಿಕ್ಕಿದ್ದೇ ತಡ, ತಾಯಿ ಅವಳನ್ನು ಒಳಗೆ ತಳ್ಳಿ ಕಾಗದದ ಬಾಗಿಲು ಎಳೆಯುತ್ತಾಳೆ. "ಒಳಗೇ ಇರು, ಜನ ನೋಡ್ತಾರೆ" ಎನ್ನುವ ಸಾಲು ಬಂದಾಗ ಶಹನಾಝರ ದನಿ ಅರ್ಧಕ್ಕೇ ನಿಲ್ಲುತ್ತದೆ. ಅದು ಅವರು ಮನೆಯಲ್ಲಿ ದಿನಾ ಹೇಳುವ ಮಾತು.

ಮುಂದೆ ಕೂತ ಆಯಿಶಾದ, ಅಂದರೆ ಆಯಿಶಕ್ಕ, ಮೂವರು ಸೊಸೆಯಂದಿರ ಅತ್ತೆ, ಬಿಡುವವರಲ್ಲ. ಪರದೆಯ ಹುಡುಗಿಯನ್ನು ತೋರಿಸಿ ಕೇಳುತ್ತಾರೆ: "ಎಂತ ಮಾರಾಯ್ತಿ, ಇವಳು ಗಂಡನ ಮನೆಗೆ ವಾಪಸ್ ಹೋಗುದು ಯಾವಾಗ?"

ಶಹನಾಝ್ ಚಿತ್ರ ನಿಲ್ಲಿಸಿ, ಹೋಗಿ ಒಳಕೋಣೆಯ ಬಾಗಿಲು ತೆರೆಯುತ್ತಾರೆ.

"ಇವಳು ಹೋಗುದಿಲ್ಲ, ಆಯಿಶಾದ. ನನ್ನ ಮಗಳು. ರಜೆ ಅಂತ ಸುಳ್ಳು ಹೇಳಿದ್ದು ನಾನು."

ಇಸ್ತ್ರಿಪೆಟ್ಟಿಗೆ ಹಿಡಿದೇ ನಿಂತಿದ್ದಾಳೆ ಶಮ್ನಾ. ಆಯಿಶಾದ ಚಾಪೆಯ ಮೇಲೆ ಸ್ವಲ್ಪ ಸರಿದು ಕೂರುತ್ತಾರೆ, ಇನ್ನೊಬ್ಬರಿಗೆ ಜಾಗವಾಗುವಷ್ಟು.

ಎಲ್ಲರೂ ಹೋದ ಮೇಲೆ, ಇದನ್ನೂ ಬರೆಯಿರಿ ಎಂದು ಶಹನಾಝ್ ನನಗೆ ಹೇಳುತ್ತಾರೆ. ಆಸೆ ಏನಾದರೂ ಉಂಟಾ ಎಂದು ಕೇಳುತ್ತೇನೆ.

"ಮುಂದಿನ ವಾರ ಉಳಿದ ಚಿತ್ರ ತೋರಿಸುವಾಗ ಆ ಹುಡುಗಿಯ ಮಾತು ಶಮ್ನಾನೇ ಹೇಳ್ಲಿ. ನಾನು ಹೇಳಿದ್ರೆ ಅಳುವ ಹಾಗೆ ಕೇಳ್ತದೆ. ಇವಳು ಅಳುದಿಲ್ಲ."