ಮಂಜಣ್ಣ ಹೇಳಿದ ಎರಡು ಬಾಡಿಗೆ

ಏನು ಹೇಳಲಿ ಗೆಳೆಯರೇ, ಪದ್ಮನಾಭನಗರದ ನಮ್ಮ ಮಳಿಗೆಯಲ್ಲಿ ಮಿಕ್ಸಿ ರಿಪೇರಿ ಮಾಡುವ ಮಂಜಣ್ಣನವರ ಅಗ್ರಿಮೆಂಟ್ ಮುಗಿದು ಎಂಟು ತಿಂಗಳಾಯಿತು. ಖಾಲಿಯೂ ಮಾಡುವುದಿಲ್ಲ, ಹಳೆಯ ಹದಿನೆಂಟು ಸಾವಿರದ ಮೇಲೆ ಒಂದು ರೂಪಾಯಿ ಕೊಡುವುದೂ ಇಲ್ಲ. ಇವತ್ತು ಬೆಳಿಗ್ಗೆ ಇತ್ಯರ್ಥ ಮಾಡಿಯೇ ಬಿಡೋಣವೆಂದು ಹೋದೆ.

“ನ್ಯಾಯವಾಗಿ ಎಷ್ಟಾಗುತ್ತೋ ನೀವೇ ಹೇಳಿ ಮಂಜಣ್ಣ” ಎಂದೆ.

“ಈ ಜಾಗಕ್ಕೆ ಹದಿನೆಂಟೇ ಜಾಸ್ತಿ ಅಕ್ಕ. ಪಾರ್ಕಿಂಗ್ ಇಲ್ಲ, ನೊಣ ಬಿಟ್ರೆ ಇನ್ಯಾರೂ ಬರಲ್ಲ” ಎಂದರು.

ಅಷ್ಟರಲ್ಲಿ ಹೆಲ್ಮೆಟ್ ಹಾಕಿದ್ದ ಒಬ್ಬರು ಸ್ಕೂಟರ್ ನಿಲ್ಲಿಸಿ ಕೇಳಿದರು: “ಅಣ್ಣ, ನಾನೂ ಒಂದು ಮಿಕ್ಸಿ ರಿಪೇರಿ ಅಂಗಡಿ ಇಡ್ಬೇಕು. ಈ ರೋಡಲ್ಲಿ ಬಾಡಿಗೆ ಎಷ್ಟಿದೆ?”

ಮಂಜಣ್ಣ ಎದ್ದೇ ನಿಂತರು. “ಮೂವತ್ತಕ್ಕೆ ಕಮ್ಮಿ ಎಲ್ಲೂ ಸಿಗಲ್ಲ ಸಾರ್! ಸಖತ್ ಡಿಮ್ಯಾಂಡ್ ಇರೋ ಜಾಗ ಇದು, ಬೇರೆ ಕಡೆ ನೋಡ್ಕೊಳ್ಳಿ.”

ಸ್ಕೂಟರ್ ಹೋಯಿತು. ನಾನು ಮಂಜಣ್ಣನವರ ಮುಖ ನೋಡಿದೆ. ಅವರು ಸ್ಕ್ರೂಡ್ರೈವರ್‌ನಿಂದ ತಲೆ ಕೆರೆದುಕೊಂಡರು.

“ಅದು ಹೊಸಬರ ರೇಟು ಅಕ್ಕ...”

ಕೊನೆಗೆ ಇಪ್ಪತ್ತೈದಕ್ಕೆ ಒಪ್ಪಿದರು. ನಾಳೆಯೇ ಹೊಸ ಅಗ್ರಿಮೆಂಟಿಗೆ ಸಹಿ ಹಾಕುತ್ತಾರಂತೆ.

ನಿಮ್ಮ ಮಳಿಗೆಯಲ್ಲೂ ಇಂಥವರಿದ್ದರೆ ತಿಳಿಸಿ. ಹೆಲ್ಮೆಟ್ ಹಾಕಿಕೊಂಡು ಬಂದು ಬಾಡಿಗೆ ವಿಚಾರಿಸಲು ನಾನು ತಯಾರಿದ್ದೇನೆ.