ಏಡಿಯ ಕಥೆಗೆ ಹೂಂಗುಟ್ಟಿದ ರೊಸಾಲಿನ್

ಬಿಜೈಯ ರೊಸಾಲಿನ್ ನಾಲ್ಕನೇ ಕ್ಲಾಸಿಗೇ ಶಾಲೆ ಬಿಟ್ಟವಳು. ಇಗರ್ಜಿಯ ಬಾಲವಾಡಿಯಲ್ಲಿ ಆಯಾ ಆಗಿ ಮಕ್ಕಳ ಮೂಗು ಒರೆಸುತ್ತ, ಗಂಜಿ ತಿನ್ನಿಸುತ್ತ, ಕಥೆ ಹೇಳಿ ಹೇಳಿಯೇ ಅವಳ ಕೂದಲು ಬೆಳ್ಳಗಾಯಿತು. ಗಂಡ ಪಿಯುಸ್ ಇದ್ದಾಗ, "ನೀನು ಒಂದು ಸಲ ದೊಡ್ಡವರ ಎದುರು ನಿಂತು ಕಥೆ ಹೇಳಬೇಕಿತ್ತು ಮಾರಾಯ್ತಿ" ಎನ್ನುತ್ತಿದ್ದ. ಅವನು ಹೋದರೂ ಅವಳ ಆ ಆಸೆ ಹೋಗಲಿಲ್ಲ.

ಹಾಗಿರುವಾಗ ಪಕ್ಕದ ಮನೆಯ ವಿನಿತಾ ಬಂದಳು, ಕೊಡಿಯಾಲ್‌ಬೈಲಿನ ಕಾಲೇಜಿನಲ್ಲಿ ಪಾಠ ಮಾಡುವವಳು. ಅವಳ ಮೊಬೈಲಿನಲ್ಲಿ ಜಪಾನಿನ ಬಹಳ ಹಳೇ ಕಾಲದ ಪುಟ್ಟದೊಂದು ಕಾರ್ಟೂನು. ಏಡಿ ಬೀಜ ಬಿತ್ತಿ, ನೀರು ಹೊಯ್ದು ಮರ ಬೆಳೆಸುತ್ತದೆ. ಮಂಗ ಮರ ಹತ್ತಿ ಹಣ್ಣೆಲ್ಲ ತಾನು ತಿಂದು, ಹಸಿ ಕಾಯಿಗಳನ್ನು ಏಡಿಯ ಮೇಲೆ ಎಸೆಯುತ್ತದೆ. ಮಾತಿಲ್ಲ, ಶಬ್ದವಿಲ್ಲ.

"ಆಗೆಲ್ಲ ಅಲ್ಲಿ ಪರದೆಯ ಪಕ್ಕ ಒಬ್ಬರು ನಿಂತು ಕಥೆ ಹೇಳ್ತಿದ್ದರಂತೆ ಆಂಟಿ. ನಮ್ಮ ಕಾಲೇಜಿನಲ್ಲಿ ಇದನ್ನು ತೋರಿಸ್ಲಿಕ್ಕೆ ಉಂಟು. ನೀವೇ ಹೇಳಬೇಕು."

"ನನ್ನ ಕನ್ನಡಕ್ಕೆ ನಗಾಡ್ತಾರೆ."

"ನಗಾಡ್ಲಿಕ್ಕೇ ಅಲ್ವಾ ಮಂಗ ಇರುವುದು?"

ಸಂಜೆ ಸಂಜೆ ಅಡುಗೆಮನೆಯಲ್ಲಿ ಅಭ್ಯಾಸ. ಹೂಂಗುಟ್ಟುವವರಿಲ್ಲದೆ ರೊಸಾಲಿನ್‌ಗೆ ಕಥೆ ಮುಂದೆ ಹೋಗದು. ಬಾಲವಾಡಿಯಲ್ಲಿ ಮಕ್ಕಳು ಮಾತು ಮಾತಿಗೂ "ಹೂಂ" ಎನ್ನಬೇಕಿತ್ತು. ಈಗ ವಿನಿತಾ ಎನ್ನುತ್ತಿದ್ದಳು. ಮಂಗನಿಗೊಂದು ಗೊಗ್ಗರು ದನಿ, ಏಡಿಯ ನಡಿಗೆಗೆ ಎರಡು ತೆಂಗಿನ ಗೆರಟೆಗಳ ಟಕಟಕ, ಎಲ್ಲ ರೊಸಾಲಿನ್‌ದೇ. ವಿನಿತಾ ಅದನ್ನೆಲ್ಲ ಮೊಬೈಲಿನಲ್ಲಿ ರೆಕಾರ್ಡ್ ಮಾಡಿಕೊಂಡಳು. "ಸುಮ್ಮನೆ ಆಂಟಿ, ನೆನಪಿಗೆ."

ಕಾಲೇಜಿನಲ್ಲಿ ಚಿತ್ರ ತೋರಿಸುವ ದಿನ ರೊಸಾಲಿನ್ ಮದುವೆಗೆ ಮಾತ್ರ ಉಡುವ ಸೀರೆ ಉಟ್ಟು ಹೋದಳು. ವಿನಿತಾ ಅವಳನ್ನು ಎದುರಿನ ಸಾಲಿನಲ್ಲಿ ಕೂರಿಸಿ, "ಕರೀತೇನೆ" ಎಂದಳು. ದೀಪ ಆರಿತು. ಪರದೆಯ ಮೇಲೆ ಏಡಿ ಬಂತು, ಟಕಟಕವೂ ಕೇಳಿತು. ಮೈಕಿನ ಮುಂದೆ ಗೆರಟೆ ಹಿಡಿದು ನಿಂತವಳು ವಿನಿತಾ.

ಮಾತು ಮಾತೂ ರೊಸಾಲಿನ್‌ದು, ಆ ಗೊಗ್ಗರು ದನಿ ಕೂಡ. ಒಂದು ಮಾತು ಹೇಳಿ ವಿನಿತಾ ನಿಂತು ಇತ್ತ ನೋಡಿದಳು. ಹಾಳಾದ ಬಾಯಿ, ಅಭ್ಯಾಸಬಲದಿಂದ "ಹೂಂ" ಎಂದುಬಿಟ್ಟಿತು. ಮತ್ತೊಮ್ಮೆಯೂ. ಇದೂ ಆಟದಲ್ಲಿ ಸೇರಿದ್ದೆಂದು ಹಿಂದಿನವರು ನಕ್ಕರು. ಆಗ ರೊಸಾಲಿನ್ ಸೆರಗನ್ನು ಬಾಯಿಗೆ ಒತ್ತಿ ಹಿಡಿದಳು. ವಿನಿತಾ ಕಾದಳು, ಚಿತ್ರ ಕಾಯಲಿಲ್ಲ. ಪರದೆಯಲ್ಲಿ ಏಡಿ ಪೆಟ್ಟು ತಿಂದು ಬಿದ್ದಾಗ ವಿನಿತಾಳ ಮಾತಿನಲ್ಲಿ ಮಂಗ ಇನ್ನೂ ಮರ ಹತ್ತುತ್ತಿತ್ತು.

ಆದರೂ ಚಪ್ಪಾಳೆ ಬಿತ್ತು.

ಹೊರಗೆ ವಿನಿತಾ ಬಂದು ಕೈ ಹಿಡಿದುಕೊಂಡಳು. "ನಡುವಿನಲ್ಲಿ ಹೂಂ ಹೇಳುವುದು ಎಂತಕ್ಕೆ ನಿಲ್ಲಿಸಿದ್ದು ಆಂಟಿ? ನನಗೆ ತಪ್ಪಿಹೋಯ್ತು."

"ನೀನು ನನ್ನನ್ನು ಕರೀಲಿಲ್ಲ."

"ಹೊರಗಿನ ದೊಡ್ಡ ದೊಡ್ಡವರು ಬಂದಿದ್ದರಲ್ಲ, ಹಾಗೆ. ಕೊನೆಗೆ ನಿಮ್ಮ ಹೆಸರು ಹೇಳಿದೆ ನಾನು."

ಕುರ್ಚಿ ಎಳೆಯುವ ಗಲಾಟೆಯಲ್ಲಿ ಹೇಳಿದ್ದಿರಬೇಕು, ರೊಸಾಲಿನ್‌ಗೆ ಕೇಳಿರಲಿಲ್ಲ.

"ಬರುವ ವಾರ ತೊಕ್ಕೊಟ್ಟಿನಲ್ಲಿ ಇನ್ನೊಂದು ಆಟ ಉಂಟು. ನೀವು ಎದುರು ಕೂತು ಹೂಂ ಹೇಳಿದರೆ ಸಾಕು. ರಿಕ್ಷಾ ಕಳಿಸ್ತೇನೆ."

ರೊಸಾಲಿನ್ ಕೈ ಬಿಡಿಸಿಕೊಂಡಳು. "ತೊಕ್ಕೊಟ್ಟಿಗೆ ನಾನಿಲ್ಲ. ನೀನೂ ಇನ್ನು ನಮ್ಮ ಮನೆಗೆ ಬರಬೇಡ."

"ಯಾಕೆ ಆಂಟಿ, ನಾನು ಎಂತ ಮಾಡಿದೆ?"

ನಾಟಕಕ್ಕೆ ಕೇಳಿದ್ದಲ್ಲ. ಅವಳಿಗೆ ನಿಜವಾಗಿಯೂ ಗೊತ್ತಾಗಿರಲಿಲ್ಲ. ರೊಸಾಲಿನ್ ಬಸ್‌ಸ್ಟಾಪಿನ ಕಡೆ ನಡೆದಳು.