ಶಾರದಕ್ಕನ ಕತ್ತರಿ

ಶಾರದಕ್ಕ ಹೆಗಲಿಗೆ ಕ್ಯಾಮೆರಾ ಹಾಕಿಕೊಂಡರೆ ಸೊಂಟಕ್ಕೆ ಕತ್ತರಿಯನ್ನೂ ಸಿಕ್ಕಿಸಿಕೊಳ್ಳುತ್ತಿದ್ದರು. ತಾವು ತೆಗೆದ ಸಿನಿಮಾವನ್ನು ಅದರಲ್ಲಿರುವ ಹೆಂಗಸರಿಗೇ ಮೊದಲು ತೋರಿಸಬೇಕು. ಯಾರಾದರೂ ಬೇಡವೆಂದರೆ ಅವರ ಮುಖವಿರುವ ತುಂಡನ್ನು ಅಲ್ಲೇ ಕತ್ತರಿಸಿ ಅವರ ಕೈಗೆ ಕೊಡಬೇಕು. ಇದು ಅವರ ನೇಮ. “ಮಾರಿ ನಿಮ್ಮದು. ಬ್ಯಾಡ ಅಂದ್ರ ನನ್ನ ಹತ್ರ ಇರಂಗಿಲ್ಲ” ಎನ್ನುತ್ತಿದ್ದರು. ಇನ್ನೊಂದು ಪ್ರತಿ ಮಾಡಿಸುವ ಶಕ್ತಿ ಅವರಿಗಿರಲಿಲ್ಲ.

ಬಳ್ಳಾರಿಯವರು. ಗಂಡ ತೀರಿಕೊಂಡ ಮೇಲೆ ಅವನ ಫೋಟೋ ಸ್ಟುಡಿಯೋ ನಡೆಸುತ್ತಿದ್ದರು. ಕರ್ನೂಲು ಆಂಧ್ರದ ರಾಜಧಾನಿಯಾಗಿದ್ದ ದಿನಗಳಲ್ಲಿ ಸಿನಿಮಾ ತೆಗೆಯಲು ಆದೋನಿಗೆ ಬಂದು ನಮ್ಮ ಪಕ್ಕದ ಮನೆಯಲ್ಲಿ ಬಾಡಿಗೆಗಿದ್ದರು. ನಾನು ಆಗಷ್ಟೇ ಟೀಚರಾಗಿದ್ದೆ. ಊಟ, ನಿದ್ದೆ ಎಲ್ಲಕ್ಕೂ ಹೊತ್ತು ಗೊತ್ತುಮಾಡಿಕೊಂಡವಳು. ಅವರೋ ನಿಂತೇ ರೊಟ್ಟಿ ತಿನ್ನುವವರು. ಕೂತು ತಿನ್ನಿ ಎಂದರೆ, “ಟೀಚರಮ್ಮಾ, ನಿನ್ನ ಸಾಲಿ ಗಂಟಿ ನನ್ನ ಹೊಟ್ಟಿಗೆ ಕೇಳಸಂಗಿಲ್ಲ” ಎಂದು ನಗುತ್ತಿದ್ದರು.

ನಮ್ಮ ಊರಿನ ಹತ್ತಿ ಮಿಲ್ಲಿನಲ್ಲಿ ಸಾಹುಕಾರನ ಮಾತೇ ಕಾನೂನು. ಸಂಜೆ ಗೇಟಿನಲ್ಲಿ ಹೆಂಗಸರಿಗೆ ಝಡತಿ. ಹತ್ತಿ ಕದ್ದಿದ್ದಾರೇನೋ ಎಂದು ಗಂಡಸರೆದುರೇ ಸೆರಗು ತೆಗೆಸಿ, ಕುಪ್ಪಸದೊಳಗೆ ಕೈಹಾಕಿ ತಡಕುವುದು. ತಡಕುವ ಕೆಲಸ ನಮ್ಮವ್ವನದು. ಆ ಸಂಬಳದಲ್ಲೇ ನಾನು ಓದಿದ್ದು. ಮನೆಯಲ್ಲಿ ಆ ಮಾತು ಎತ್ತುತ್ತಿರಲಿಲ್ಲ.

ಶಾರದಕ್ಕ ಎದುರಿನ ಹೋಟೆಲಿನ ಮಾಳಿಗೆಯಿಂದ ಅದನ್ನು ಚಿತ್ರೀಕರಿಸಿದರು. ಕರ್ನೂಲಿನ ಅಧಿಕಾರಿಗಳು ಕಣ್ಣಾರೆ ಕಂಡರೆ ಝಡತಿ ನಿಲ್ಲುತ್ತದೆಂದು ಅವರ ನಂಬಿಕೆ. ಒಂದು ಭಾನುವಾರ ಕಿಟಕಿಗಳಿಗೆ ಕಂಬಳಿ ಕಟ್ಟಿ, ಮಿಲ್ಲಿನ ಹೆಂಗಸರನ್ನು ಕೂಡಿಸಿ ತೋರಿಸಿದರು. ಅವ್ವನನ್ನೂ ಕರೆದಿದ್ದರು, ಜೊತೆಗೆ ನಾನೂ ಹೋಗಿದ್ದೆ.

ಗೋಡೆಯ ಮೇಲೆ ತಮ್ಮನ್ನೇ ಹಾಗೆ ಕಂಡು ಕೆಲವರು ಅತ್ತರು. ಆಮೇಲೆ ಶಾರದಕ್ಕ ಒಬ್ಬೊಬ್ಬರನ್ನೇ ಕೇಳಿದರು. ಯಾರೂ ಬೇಡವೆನ್ನಲಿಲ್ಲ. “ಇರ್ಲಿ ಬಿಡಕ್ಕ, ದಿನಾ ಊರೇ ನೋಡತೈತಿ. ಕರ್ನೂಲಿನವ್ರೂ ನೋಡ್ಲಿ” ಎಂದಳು ಹಂಪಮ್ಮ.

ಕೊನೆಗೆ ಅವ್ವನ ಕಡೆ ತಿರುಗಿದರು.

“ಆಕಿನ್ಯಾಕ ಕೇಳ್ತಿ?” ಹಂಪಮ್ಮ ಸಿಡಿದಳು.

“ಚಿತ್ರದಾಗ ಆಕೀನೂ ಅದಾಳ. ಕೇಳಬೇಕು.”

ಅವ್ವ ತಲೆ ಎತ್ತಲಿಲ್ಲ. “ತೆಗೀರಿ ಯವ್ವಾ. ಮಗಳು ಸಾಲ್ಯಾಗ ಪಾಠ ಹೇಳ್ತಾಳ.”

“ನಮ್ಮ ಮೈ ಎಲ್ಲಾರೂ ನೋಡಬೇಕು, ಈಕಿ ಮಗಳಿಗೆ ಮಾತ್ರ ಮರ್ಯಾದಿ!” ಎಂದಳು ಹಂಪಮ್ಮ.

ಎಲ್ಲರೂ ನನ್ನನ್ನು ನೋಡಿದರು. ಅವ್ವನಿಲ್ಲದ ಝಡತಿ ಆ ಸಿನಿಮಾದಲ್ಲಿ ಒಂದು ಗಳಿಗೆಯೂ ಇರಲಿಲ್ಲ. ಶಾರದಕ್ಕ ಸೊಂಟದ ಕತ್ತರಿ ತೆಗೆದರು. ಝಡತಿಯ ತುಂಡನ್ನಷ್ಟೂ ಕತ್ತರಿಸಿದರು, ಸುತ್ತಿ ಅವ್ವನ ಕೈಗಿಟ್ಟರು. ನನಗೆ ಸಮಾಧಾನವಾಯಿತು. ಇಂದಿಗೂ ಮುಖ ಮುಚ್ಚಿಕೊಳ್ಳುವಂತಾಗುವುದು ಆ ಸಮಾಧಾನ ನೆನೆದಾಗಲೇ.

ಉಳಿದದ್ದು ಹೆಂಗಸರು ಗೇಟಿನೊಳಗೆ ಹೋಗುವುದು, ಬರುವುದು ಅಷ್ಟೆ. ಕರ್ನೂಲಿನ ಅಧಿಕಾರಿ ನೋಡಿ “ಚಾಲಾ ಬಾಗುಂದಮ್ಮಾ” ಎಂದು ತೆಲುಗಿನಲ್ಲಿ ಹೊಗಳಿ ಕಳಿಸಿದನಂತೆ. ಝಡತಿ ನಡೆದೇ ಇತ್ತು. ಶಾರದಕ್ಕ ಬಳ್ಳಾರಿಗೆ ಮರಳಿದರು.

ಅವ್ವ ಸತ್ತ ಮೇಲೆ ಆ ತುಂಡು ಹಿಡಿದು ಅವರ ಸ್ಟುಡಿಯೋಗೆ ಹೋದೆ. ಶಾರದಕ್ಕನ ಕಣ್ಣು ಮಂಜಾಗಿತ್ತು. ಆದರೂ ರೊಟ್ಟಿಯನ್ನು ನಿಂತೇ ತಿನ್ನುತ್ತಿದ್ದರು.

“ಈಗ ಅವ್ವ ಇಲ್ಲ. ಸೇರಿಸ್ರಿ ಅಕ್ಕ” ಎಂದೆ.

“ಆಕಿ ಬೇಡಿ ತಗೊಂಡಾಳ. ಅದನ್ನ ಕೊಡಾಕ ನೀ ಯಾರು?” ಎಂದು ನನ್ನ ಬೆರಳು ಮಡಿಚಿ ಅದನ್ನು ಮುಚ್ಚಿದರು. ಸಿಟ್ಟಿರಲಿಲ್ಲ. ಮತ್ತೆ ಅವರನ್ನು ನೋಡಲಿಲ್ಲ.

ತುಂಡು ನನ್ನಲ್ಲೇ ಇದೆ. ಬೆಳಕಿಗೆ ಹಿಡಿದರೆ ಅವ್ವ ಉಗುರಿನಷ್ಟು ಕಾಣುತ್ತಾಳೆ. ಅವಳ ಕೈ ಹಂಪಮ್ಮನ ಕುಪ್ಪಸದೊಳಗಿದೆ.